ಆಚೆಮನೆಯ ದೀಪ: ಕಲ್ಪಿತ ನಾಡಿನ ಬೆಳಕಿಗೆ ಕಾರಣ ಕೊಡಬೇಕೇ?

ಗಜನಿದಂಡೆ ಬರೆದಿದ್ದು:

ಬಳಗದ ಎಲ್ಲರಿಗೂ ನಮಸ್ಕಾರ. ನಾನು ಬರೆಯುತ್ತಿರುವ ಕಾದಂಬರಿಯ ಮೊದಲ ಒಂಬತ್ತು ಅಧ್ಯಾಯಗಳನ್ನು ನಿಮ್ಮಲ್ಲಿ ಹಲವರು ಓದಿ ಅಭಿಪ್ರಾಯ ತಿಳಿಸಿದ್ದೀರಿ. ಅವುಗಳಲ್ಲಿ ಒಂದು ಮಾತು ನನ್ನನ್ನು ಬಹಳ ಕಾಡಿದ್ದರಿಂದ ಈ ಚರ್ಚೆಯನ್ನು ಆರಂಭಿಸುತ್ತಿದ್ದೇನೆ.

ಓದದವರಿಗಾಗಿ ಕಥೆಯ ನಾಡನ್ನು ಚಿಕ್ಕದಾಗಿ ಪರಿಚಯಿಸುತ್ತೇನೆ. ಅದರ ಹೆಸರು ನೀರ್ಬಯಲು. ಹೊಳೆಯೊಂದು ಕಡಲು ಸೇರುವಲ್ಲಿ, ಉಬ್ಬರಕ್ಕೆ ಮುಳುಗಿ ಇಳಿತಕ್ಕೆ ತೆರೆದುಕೊಳ್ಳುವ ಕೆಸರುಭೂಮಿ ಅದು. ಕುಮಟಾ ತಾಲ್ಲೂಕಿನ ಅಘನಾಶಿನಿ ಅಳಿವೆಯಲ್ಲಿ ಗಜನಿ ಗದ್ದೆಗಳನ್ನು ಕಂಡವರಿಗೆ ಅದರ ಚಹರೆ ಕೂಡಲೇ ಗುರುತು ಸಿಗುತ್ತದೆ. ಉಪ್ಪುನೀರನ್ನು ತಾಳಿಕೊಂಡು ಬೆಳೆಯುವ ಕಗ್ಗ ಭತ್ತವನ್ನೂ, ಕೊಯ್ಲಾದ ಮೇಲೆ ಅದೇ ಗದ್ದೆಗೆ ಉಪ್ಪುನೀರು ಬಿಟ್ಟು ಸೀಗಡಿ, ಮೀನು ಹಿಡಿಯುವ ಪದ್ಧತಿಯನ್ನೂ ನಾನು ಅಲ್ಲಿಂದಲೇ ತಂದುಕೊಂಡಿದ್ದೇನೆ. ಉಳಿದದ್ದೆಲ್ಲ ಕಲ್ಪನೆ.

ಕೊಯ್ಲು ಮುಗಿದ ಮೇಲೆ, ಚಂದ್ರನಿಲ್ಲದ ರಾತ್ರಿಗಳಲ್ಲಿ, ಕೆಸರಿನ ಆಚೆ ಬದಿಯಲ್ಲಿ ಒಂದು ಬೆಳಕು ಕಾಣಿಸುತ್ತದೆ. ಅತ್ತ ಯಾವ ಮನೆಯೂ ಇಲ್ಲ. ಮೂರನೆಯ ಅಧ್ಯಾಯದಲ್ಲಿ ಅದು ಹಸಿರಾಗಿದೆ, ಹತ್ತಿರ ಹೋದವರಿಂದ ದೂರ ಸರಿಯುತ್ತದೆ. ಆರನೆಯದರಲ್ಲಿ ಅದರ ಪ್ರಭೆ ಒಬ್ಬ ಹುಡುಗನ ಮುಖವನ್ನು ಬೆಳಗುತ್ತದೆ. ಒಂಬತ್ತನೆಯದರಲ್ಲಿ ಪರಸ್ಥಳದ ಪಂಡಿತರೊಬ್ಬರು ಬಂದು, ಅದು ನೀರುಪಾಲಾದವರ ಆತ್ಮಗಳ ದಿವ್ಯಪ್ರಭೆ ಎಂದು ಎರಡು ಪುಟ ವಿವರಿಸುತ್ತಾರೆ. ಓದುಗರೊಬ್ಬರು ಬರೆದರು: "ಒಂಬತ್ತನೆಯ ಅಧ್ಯಾಯ ಮುಗಿಸಿದ ಮೇಲೆ ಆ ಬೆಳಕಿನ ಬಗ್ಗೆ ಭಯವೂ ಉಳಿಯಲಿಲ್ಲ, ಕುತೂಹಲವೂ ಉಳಿಯಲಿಲ್ಲ." ಅವರ ಮಾತು ನಿಜವೆಂದು ನನಗೂ ತೋರುತ್ತಿದೆ. ಹಾಗಾದರೆ ನಾನು ಕಾರಣವನ್ನು ಹೇಳಲೇಬಾರದಿತ್ತೇ, ಅಥವಾ ಹೇಳಿದ ಕಾರಣವೇ ದುರ್ಬಲವಾಯಿತೇ? ದಯವಿಟ್ಟು ಬಿಚ್ಚು ಮನಸ್ಸಿನಿಂದ ತಿಳಿಸಿ.

ನಕ್ಷತ್ರದಾರಿ ಬರೆದಿದ್ದು:

ಕಾರಣದ ವಿಷಯವನ್ನು ಬೇರೆಯವರಿಗೆ ಬಿಡುತ್ತೇನೆ. ನನ್ನ ಆಕ್ಷೇಪ ಅದಕ್ಕಿಂತ ಹಿಂದಿನದು. ನಿಮ್ಮ ಬೆಳಕನ್ನು ನೋಡುತ್ತಿರುವುದು ಮನುಷ್ಯರ ಕಣ್ಣಲ್ಲ, ಕ್ಯಾಮೆರಾ ಎಂದು ನನಗೆ ಅನ್ನಿಸಿತು.

ಹಲವು ವರ್ಷಗಳಿಂದ ಆಕಾಶ ವೀಕ್ಷಣೆಗಾಗಿ ಕತ್ತಲೆಯ ಜಾಗಗಳನ್ನು ಹುಡುಕಿಕೊಂಡು ಹೋಗುವವನು ನಾನು. ಬೆಳಕಿನಿಂದ ಕತ್ತಲೆಗೆ ಬಂದ ಕಣ್ಣು ಸರಿಯಾಗಿ ಹೊಂದಿಕೊಳ್ಳಲು ಇಪ್ಪತ್ತರಿಂದ ಮೂವತ್ತು ನಿಮಿಷ ಬೇಕು. ಆಗ ಕೆಲಸ ಮಾಡುವುದು ಅಕ್ಷಿಪಟಲದ ದಂಡಕೋಶಗಳು. ಅವುಗಳಿಗೆ ಬಣ್ಣ ತಿಳಿಯುವುದಿಲ್ಲ. ಮಳೆಗಾಲದಲ್ಲಿ ಪಶ್ಚಿಮಘಟ್ಟದ ಕೆಲವು ಕಾಡುಗಳಲ್ಲಿ, ಮಹಾರಾಷ್ಟ್ರದ ಭೀಮಾಶಂಕರದಂತಹ ಕಡೆ, ಕೊಳೆತ ಕಟ್ಟಿಗೆಯ ಮೇಲೆ ಬೆಳೆಯುವ ಶಿಲೀಂಧ್ರ ಹೊಳೆಯುವ ಚಿತ್ರಗಳನ್ನು ನೀವೆಲ್ಲ ನೋಡಿರುತ್ತೀರಿ. ಆ ಚಿತ್ರಗಳಲ್ಲಿ ಕಾಡು ಪಚ್ಚೆಹಸಿರಾಗಿ ಉರಿಯುತ್ತಿರುತ್ತದೆ. ಶಿಲೀಂಧ್ರ ಹೊರಸೂಸುವುದು ಹಸಿರು ಬೆಳಕೇ ಹೌದು, ಆದರೆ ಕ್ಯಾಮೆರಾ ಬಹಳ ಹೊತ್ತು ಕಣ್ತೆರೆದು ಕೂತು ಅದನ್ನು ಒಟ್ಟುಗೂಡಿಸಿರುತ್ತದೆ. ಅಲ್ಲಿ ನಿಂತವರ ಬರಿಗಣ್ಣಿಗೆ ಮಂಕಾದ ಹೊಳಪು ಬಹುಮಟ್ಟಿಗೆ ಬೂದುಬಿಳುಪಾಗಿಯೇ ಕಾಣುತ್ತದೆ, ಒದ್ದೆ ಸೌದೆಯ ಮೇಲೆ ಯಾರೋ ಸುಣ್ಣದ ನೀರು ಎರಚಿದ ಹಾಗೆ.

ಇನ್ನೊಂದು ಸಂಗತಿ ನಿಮ್ಮ ಕಥೆಗೆ ಹೆಚ್ಚು ಉಪಯೋಗವಾಗಬಹುದು. ದಂಡಕೋಶಗಳು ನೋಟದ ನಡುಬಿಂದುವಿನಲ್ಲಿ ಇರುವುದಿಲ್ಲ, ಸುತ್ತ ಇರುತ್ತವೆ. ಆದ್ದರಿಂದ ಅತಿ ಮಂದವಾದ ಬೆಳಕನ್ನು ನೇರವಾಗಿ ನೋಡಿದರೆ ಅದು ಮಾಯವಾಗುತ್ತದೆ, ದೃಷ್ಟಿಯನ್ನು ಸ್ವಲ್ಪ ಪಕ್ಕಕ್ಕೆ ಸರಿಸಿದರೆ ಮತ್ತೆ ಬರುತ್ತದೆ. ಮಂಕಾದ ನೀಹಾರಿಕೆಗಳನ್ನು ನಾವು ಹಾಗೆ ಓರೆಗಣ್ಣಿನಿಂದಲೇ ನೋಡುವುದು. ಜೊತೆಗೆ, ಸುತ್ತ ಏನೂ ಕಾಣದ ಕತ್ತಲಲ್ಲಿ ಒಂದೇ ಒಂದು ಚುಕ್ಕೆಯನ್ನು ದಿಟ್ಟಿಸುತ್ತಿದ್ದರೆ, ಅದು ಅಲುಗದೆ ನಿಂತಿದ್ದರೂ ತೇಲಿದಂತೆ, ಹರಿದಂತೆ ತೋರುತ್ತದೆ. ನೇರ ನೋಡಿದರೆ ಅಡಗುವ, ಓರೆಯಾಗಿ ನೋಡಿದರೆ ಸಿಗುವ, ನಿಂತಲ್ಲೇ ನಡೆಯುವ ಬೆಳಕನ್ನು ನಮ್ಮ ಕಣ್ಣೇ ಕಟ್ಟಿಕೊಡುತ್ತಿರುವಾಗ, ಅದಕ್ಕೆ ಇನ್ನೊಂದು ಮಾಯೆಯನ್ನು ಸೇರಿಸುವ ಅಗತ್ಯ ನನಗೆ ಕಾಣುತ್ತಿಲ್ಲ. ಹುಡುಗನ ಮುಖ ಬೆಳಗುವ ಸಾಲನ್ನು ಮಾತ್ರ ತೆಗೆದುಬಿಡಿ. ಅಷ್ಟು ಪ್ರಖರವಾಗಿದ್ದರೆ ಅದು ದೀಪವಾಗುತ್ತದೆ.

ಹಿತ್ತಿಲಬಾಗಿಲು ಬರೆದಿದ್ದು:

ನಕ್ಷತ್ರದಾರಿಯವರ ಮಾತನ್ನು ಓದಿದಾಗ ನನಗೆ ಹೊಳೆದದ್ದು ಇದು: ಹಾಗಾದರೆ ಕೈಯಲ್ಲಿ ಸೂಡಿ ಹಿಡಿದವರಿಗೆ ಆ ಬೆಳಕು ಕಾಣುವುದೇ ಇಲ್ಲ. ತೆಂಗಿನ ಗರಿಯ ಸೂಡಿ ಉರಿಯುವಾಗ ಅದರಾಚೆಗೆ ಎರಡು ಮಾರು ದೂರವೂ ಕಾಣುವುದಿಲ್ಲ. ನಿಮ್ಮ ನೀರ್ಬಯಲಿನಲ್ಲಿ ಸೂಡಿಯ ಬೆಳಕಿಲ್ಲದೆ ರಾತ್ರಿ ಹೊರಡುವವರು ಯಾರು? ತೂಬಿನ ಬಾಯಿಗೆ ಬಲೆ ಕಟ್ಟಲು ಹೋಗುವ ಕೂಲಿಯವರು, ಮೀನು ಆಯಲು ನಸುಕಿಗೇ ಇಳಿಯುವ ಹೆಂಗಸರು. ಗದ್ದೆಯ ಒಡೆಯರು ಹಿಂದೆ ಮುಂದೆ ಸೂಡಿ ಹಿಡಿಸಿಕೊಂಡು ಬರುತ್ತಾರೆ. ಅಂದಮೇಲೆ ಊರಿನ ಅರ್ಧ ಜನ ತಲೆಮಾರುಗಳಿಂದ ಕಂಡ ಬೆಳಕನ್ನು ಇನ್ನರ್ಧ ಜನ ಒಮ್ಮೆಯೂ ಕಂಡಿರುವುದಿಲ್ಲ, ಮತ್ತು ಅದು ಇಲ್ಲವೆಂದು ಪ್ರಾಮಾಣಿಕವಾಗಿಯೇ ವಾದಿಸುತ್ತಾರೆ. ನಿಮ್ಮ ಕಥೆಯ ಜಗಳ ಇಲ್ಲೇ ಇದೆ. ಆತ್ಮಗಳನ್ನು ಎಳೆದು ತರಬೇಕಾಗಿಲ್ಲ.

ಎರಡನೆಯದಾಗಿ, ಹೆಸರು. "ದಿವ್ಯಪ್ರಭೆ" ಎಂಬುದು ಪಂಡಿತರ ಬಾಯಿಗೆ ಸರಿ, ಊರಿನವರ ಬಾಯಿಗೆ ಅಲ್ಲ. ನಮ್ಮ ಕಡೆ ಕತ್ತಲಾದ ಮೇಲೆ ಹಾವಿನ ಹೆಸರೆತ್ತುವುದಿಲ್ಲ, "ಹುಳ" ಎನ್ನುತ್ತಾರೆ. ಅಂಜಿಕೆಯಿರುವ ವಸ್ತುವಿಗೆ ಜನ ಚಿಕ್ಕದಾದ, ಸಾಧಾರಣವಾದ, ಮುನಿಸಿಕೊಳ್ಳದ ಹೆಸರನ್ನೇ ಇಡುತ್ತಾರೆ. ಅತ್ತ ಕಡೆ ಮನೆಯಿಲ್ಲ, ಆದರೆ ಮನೆಯೊಂದರ ದೀಪದಂತೆ ಬೆಳಕು ಕಾಣುತ್ತದೆ ಎಂದು ನೀವೇ ಬರೆದಿದ್ದೀರಿ. ಅವರು ಅದನ್ನು "ಆಚೆಮನೆಯ ದೀಪ" ಎಂದು ಕರೆಯಲಿ. ಮಕ್ಕಳು ಊಟ ಮಾಡದೆ ಹಟ ಹಿಡಿದರೆ "ಆಚೆಮನೆಯವರು ಎದ್ದಿದ್ದಾರೆ, ಬೇಗ ಉಣ್ಣು" ಎಂದು ತಾಯಂದಿರು ಹೇಳಲಿ. ಹೊಸದಾಗಿ ಮದುವೆಯಾಗಿ ಬಂದ ಸೊಸೆ ಮೊದಲ ರಾತ್ರಿ ಹಿತ್ತಿಲಿಗೆ ಹೋದಾಗ "ಅತ್ತೆ, ಅಲ್ಲಿ ಯಾರ ಮನೆ?" ಎಂದು ಕೇಳಲಿ, ಅತ್ತೆ ಮಾತು ಮರೆಸಲಿ. ಅಷ್ಟಾದರೆ ನಾನು ಆ ಬೆಳಕನ್ನು ನಂಬುತ್ತೇನೆ.

ಅಳತೆಗೋಲು ಬರೆದಿದ್ದು:

ಹಿತ್ತಿಲಬಾಗಿಲಿನವರ ಮಾತು ಹೃದ್ಯವಾಗಿದೆ, ಆದರೆ ನಾನು ಪೂರ್ತಿ ಒಪ್ಪಲಾರೆ. ಓದುಗರಿಗೆ ಕಾರಣ ತಿಳಿಯದಿದ್ದರೂ ನಡೆದೀತು, ಬರೆಯುವವರಿಗೆ ತಿಳಿದಿರಲೇಬೇಕು. ಇಲ್ಲದಿದ್ದರೆ ಬೆಳಕು ಕಥೆಗೆ ಬೇಕಾದಾಗ ಬಂದು ಬೇಡವಾದಾಗ ಹೋಗುತ್ತದೆ. ಮೂರನೆಯ ಅಧ್ಯಾಯಕ್ಕೂ ಆರನೆಯ ಅಧ್ಯಾಯಕ್ಕೂ ತಾಳೆಯಾಗದೆ ಹೋಗಿರುವುದು ಇದೇ ಕಾರಣದಿಂದ.

ನಿಜವಾದ ನಿಗೂಢ ಬೆಳಕುಗಳನ್ನೇ ನೋಡಿ. ಆಸ್ಟ್ರೇಲಿಯಾದ ಕ್ವೀನ್ಸ್‌ಲ್ಯಾಂಡಿನಲ್ಲಿ ಬೂಲಿಯಾ ಎಂಬ ಊರಿನ ಸುತ್ತ ಮಿನ್ ಮಿನ್ ಎಂಬ ಬೆಳಕು ಪ್ರಯಾಣಿಕರನ್ನು ಹಿಂಬಾಲಿಸುತ್ತದೆ ಎಂಬ ಮಾತು ಬಹಳ ಹಿಂದಿನಿಂದಲೂ ಇದೆ. ನರವಿಜ್ಞಾನಿ ಜಾಕ್ ಪೆಟಿಗ್ರೂ ಅವರು 2003ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ನೆಲದ ಬಳಿ ತಂಪು ಗಾಳಿ, ಅದರ ಮೇಲೆ ಬಿಸಿ ಗಾಳಿ ಪದರಗಟ್ಟಿದ ರಾತ್ರಿ ದೂರದ ಬೆಳಕು ಬಾಗಿ ಬಂದು ದಿಗಂತದಾಚೆಯಿಂದಲೂ ಕಾಣುತ್ತದೆ ಎಂದು ತೋರಿಸಿದರು. ಸುಮಾರು ಹತ್ತು ಕಿಲೋಮೀಟರ್ ದೂರದ ಕಾರಿನ ದೀಪಗಳಿಂದಲೇ ಅವರು ಅಂತಹ ಬೆಳಕನ್ನು ಮರುಸೃಷ್ಟಿಸಿದರು. ಮರೀಚಿಕೆಯ ಹತ್ತಿರ ಹೋಗಲು ಯಾರಿಂದಲೂ ಆಗದು; ಹಾಗಾಗಿ ಬೆನ್ನಟ್ಟಿದರೆ ಅದು ಹಿಂದೆ ಸರಿಯುತ್ತದೆ, ನಾವು ಹೊರಟರೆ ಹಿಂಬಾಲಿಸುತ್ತದೆ. ಅಲ್ಲಿ ಒಂದು ನಿಯಮವಿದೆ, ಆ ನಿಯಮದಿಂದಲೇ ಬೆಳಕಿಗೆ ಒಂದು ಸ್ವಭಾವ ಬಂದಿದೆ.

ಇನ್ನು ಜೌಗುಪ್ರದೇಶದ ಬೆಳಕು. ಅಲೆಸ್ಸಾಂಡ್ರೋ ವೋಲ್ಟಾ 1776ರಲ್ಲಿ ಇಟಲಿಯ ಮಾಜೋರೆ ಸರೋವರದ ಕೆಸರನ್ನು ಕೋಲಿನಿಂದ ಕಲಕಿ, ಮೇಲೆದ್ದ ಗುಳ್ಳೆಗಳನ್ನು ಸೀಸೆಯಲ್ಲಿ ಹಿಡಿದು, ಅದು ಹೊತ್ತಿ ಉರಿಯುವ ಅನಿಲವೆಂದು ಕಂಡುಕೊಂಡರು. ಅದೇ ಮೀಥೇನ್. ಆದರೆ ಮೀಥೇನ್ ತನ್ನಿಂದ ತಾನೇ ಹೊತ್ತಿಕೊಳ್ಳುವುದಿಲ್ಲ. ಕಿಡಿ ಎಲ್ಲಿಂದ ಬರುತ್ತದೆ ಎಂಬ ಪ್ರಶ್ನೆಯನ್ನು ಅಲ್ಲಿಂದೀಚೆಗೆ ರಸಾಯನವಿಜ್ಞಾನಿಗಳು ಎರಡು ಶತಮಾನ ಚರ್ಚಿಸಿದ್ದಾರೆ. ವೋಲ್ಟಾ ಕೆಸರು ಕಲಕುವ ಆ ಚಿತ್ರ ನಿಮ್ಮ ಪಂಡಿತರಿಗೆ ಚೆನ್ನಾಗಿ ಹೊಂದುತ್ತದೆ. ಅವರು ಆತ್ಮಗಳ ಬಗ್ಗೆ ಉಪನ್ಯಾಸ ಕೊಡುವುದನ್ನು ಬಿಟ್ಟು ಒಂದು ಕೋಲು, ಒಂದು ಸೀಸೆ ಹಿಡಿದು ಮೊಣಕಾಲುದ್ದ ಕೆಸರಿಗೆ ಇಳಿಯಲಿ.

ಹಿತ್ತಿಲಬಾಗಿಲು ಬರೆದಿದ್ದು:

ಪಂಡಿತರು ಕೆಸರಿಗೆ ಇಳಿಯಲಿ, ನನ್ನ ಅಡ್ಡಿಯಿಲ್ಲ. ಆದರೆ ಸೀಸೆ ಎತ್ತಿ ಹಿಡಿದು "ಇದೇ ನೋಡಿ" ಎಂದು ಅವರು ಹೇಳಿದ ಕ್ಷಣದಲ್ಲಿ ನಿಮ್ಮ ಒಂಬತ್ತನೆಯ ಅಧ್ಯಾಯ ಮತ್ತೆ ಮೊದಲಿನ ಒಂಬತ್ತನೆಯ ಅಧ್ಯಾಯವೇ ಆಗುತ್ತದೆ. ಆತ್ಮದ ಜಾಗದಲ್ಲಿ ಅನಿಲ ಬಂದಿರುತ್ತದೆ, ಅಷ್ಟೆ.

ಅಳತೆಗೋಲು ಬರೆದಿದ್ದು:

ಒಪ್ಪಿದೆ. ಸೀಸೆಯಲ್ಲಿ ಉತ್ತರ ಸಿಗಲೇಬೇಕೆಂದು ನಾನು ಹೇಳುವುದಿಲ್ಲ. ನಾರ್ವೆಯ ಹೆಸ್ಡಾಲೆನ್ ಕಣಿವೆಯಲ್ಲಿ 1981ರ ಕೊನೆಯಿಂದ 1984ರವರೆಗೆ ಕೆಲವು ವಾರಗಳಲ್ಲಿ ಹದಿನೈದು ಇಪ್ಪತ್ತು ಬಾರಿ ಬೆಳಕುಗಳು ಕಾಣಿಸಿದವು. 1983ರಲ್ಲಿ ಸಂಶೋಧಕರು ಅಧ್ಯಯನ ಆರಂಭಿಸಿದರು, 1998ರಲ್ಲಿ ತಾನಾಗಿಯೇ ದಾಖಲಿಸುವ ವೀಕ್ಷಣಾ ಕೇಂದ್ರವನ್ನೂ ಸ್ಥಾಪಿಸಿದರು. ಇಷ್ಟು ವರ್ಷಗಳ ಮೇಲೂ ಎಲ್ಲರೂ ಒಪ್ಪುವ ಒಂದು ವಿವರಣೆ ಮೂಡಿಲ್ಲ. ಅಳೆಯುವುದಕ್ಕೂ ಬಿಡಿಸುವುದಕ್ಕೂ ನಡುವೆ ಬಹಳ ಅಂತರವಿದೆ, ಆ ಅಂತರದಲ್ಲಿ ನಿಮ್ಮ ಪಂಡಿತರು ಗೌರವದಿಂದ ನಿಲ್ಲಬಹುದು.

ಪಡುಗಡಲು ಬರೆದಿದ್ದು:

ಇಲ್ಲಿಯವರೆಗೆ ಎಲ್ಲರೂ ಕಾಡು, ಮರುಭೂಮಿ, ಕಣಿವೆಗಳ ಬಗ್ಗೆ ಬರೆದಿದ್ದೀರಿ. ಕಥೆ ಇರುವುದು ಉಪ್ಪುನೀರಿನಲ್ಲಿ. ಮೀನುಗಾರರ ಮನೆಯಲ್ಲಿ ಹುಟ್ಟಿದವನಾದ್ದರಿಂದ ನೀರಿನ ಬೆಳಕಿನ ಬಗ್ಗೆ ಸ್ವಲ್ಪ ವಿವರವಾಗಿ ಹೇಳಲು ಅವಕಾಶ ಕೊಡಿ.

ನಮ್ಮ ಕರಾವಳಿಯಲ್ಲಿ ಮಳೆ ಮುಗಿದ ಮೇಲೆ ಕೆಲವು ರಾತ್ರಿ ನೀರು ಹೊಳೆಯುತ್ತದೆ. ಮಲ್ಪೆ, ಪಡುಕೆರೆಯ ದಂಡೆಗಳಲ್ಲಿ ಅಲೆಗಳು ನೀಲಿಯಾಗಿ ಮಿಂಚಿದ್ದನ್ನು ನೋಡಲು 2020ರಲ್ಲಿ ಜನ ಸೇರಿದ್ದು ನೆನಪಿರಬಹುದು. ಅದು ನಾಕ್ಟಿಲೂಕಾ ಎಂಬ ಏಕಕೋಶ ಜೀವಿಯ ಬೆಳಕು. ದೊಡ್ಡದೆಂದರೆ ಸಾಸಿವೆ ಕಾಳಿನಷ್ಟು ಇದ್ದೀತು. ಮುಟ್ಟಿದರೆ, ಅಲುಗಿಸಿದರೆ ಅದು ಒಂದು ಕ್ಷಣಕ್ಕಿಂತ ಕಡಿಮೆ ಹೊತ್ತು ಮಿನುಗಿ ಸುಮ್ಮನಾಗುತ್ತದೆ. ನನ್ನ ಅಜ್ಜ ಅಂತಹ ರಾತ್ರಿಗಳಲ್ಲಿ ದೋಣಿಯ ಮೂತಿಯಲ್ಲಿ ಕೂತು, ನೀರಿನೊಳಗೆ ಮೀನಿನ ಹಿಂಡು ಕದಲಿದಾಗ ಏಳುವ ಹೊಗೆಯಂತಹ ಬೆಳಕನ್ನು ನೋಡಿ ಬಲೆ ಬಿಡಿಸುತ್ತಿದ್ದರು. ಬಲೆ ಮೇಲೆ ಬರುವಾಗ ಕಣ್ಣುಕಣ್ಣಿಗೂ ಕಿಡಿ ಅಂಟಿಕೊಂಡಿರುತ್ತಿತ್ತು, ಅವರ ಮುಂಗೈಯ ರೋಮಗಳ ಮೇಲೂ ಎರಡು ಮೂರು ಕಿಡಿ ಉಳಿದಿರುತ್ತಿದ್ದವು.

ಆದರೆ ಇದು ನಿಮ್ಮ ಬೆಳಕಲ್ಲ. ನಿಮ್ಮದು ಮುಟ್ಟದೆಯೇ ಬೆಳಗುತ್ತದೆ, ಒಂದೇ ಸಮನೆ ಬೆಳಗುತ್ತದೆ. ಅದಕ್ಕೆ ಹತ್ತಿರವಾದದ್ದು ಹಾಲುಗಡಲು. ದಿಗಂತದವರೆಗೂ ಕಡಲು ಹಿಮದ ಬಯಲಿನಂತೆ ಬೆಳ್ಳಗೆ ಕಂಡಿತೆಂದು ನಾವಿಕರು ಶತಮಾನಗಳಿಂದ ಹೇಳುತ್ತ ಬಂದಿದ್ದರು, ದಡದ ಮೇಲಿನವರಿಗೆ ನಂಬಿಕೆ ಬರುತ್ತಿರಲಿಲ್ಲ. 1995ರ ಜನವರಿಯಲ್ಲಿ ಸೊಮಾಲಿಯಾದ ಆಚೆ ಲಿಮಾ ಎಂಬ ಸರಕುಹಡಗಿನವರು ಅಂತಹ ನೀರಿನಲ್ಲಿ ಸಾಗಿದ್ದಾಗಿ ದಾಖಲಿಸಿದ್ದರು. ಹತ್ತು ವರ್ಷಗಳ ನಂತರ ಸ್ಟೀವನ್ ಮಿಲ್ಲರ್ ಮತ್ತು ಸಂಗಡಿಗರು ಅದೇ ದಿನಗಳ ಉಪಗ್ರಹ ಚಿತ್ರಗಳನ್ನು ತೆಗೆದು ನೋಡಿದಾಗ, ಹಡಗು ಹೇಳಿದ ಜಾಗದಲ್ಲೇ 15,400 ಚದರ ಕಿಲೋಮೀಟರ್ ವಿಸ್ತಾರದ ಬೆಳಕು ಮೂರು ರಾತ್ರಿ ನಿಂತಿದ್ದು ಕಂಡಿತು. ಅದಕ್ಕೆ ಕಾರಣ ಕೋಟ್ಯಂತರ ಬ್ಯಾಕ್ಟೀರಿಯಾಗಳು ಎಂಬುದು ಈಗಿನ ತಿಳಿವಳಿಕೆ. ಅವುಗಳ ಬೆಳಕು ನಿಜದಲ್ಲಿ ನೀಲಿಯ ಕಡೆಯದು. ಕಣ್ಣಿಗೆ ಬೆಳ್ಳಗೆ ಕಂಡದ್ದು ನಕ್ಷತ್ರದಾರಿಯವರು ಹೇಳಿದ ದಂಡಕೋಶಗಳ ಕಾರಣದಿಂದ.

ಈಗ ನಿಮಗೆ ಮುಖ್ಯವಾದ ಭಾಗಕ್ಕೆ ಬರುತ್ತೇನೆ. 2019ರ ಆಗಸ್ಟಿನಲ್ಲಿ ಜಾವಾದ ದಕ್ಷಿಣಕ್ಕೆ ಗಣೇಶ ಎಂಬ ಹೆಸರಿನ ಹಾಯಿದೋಣಿಯೊಂದು ಹಾಲುಗಡಲನ್ನು ಹೊಕ್ಕಿತು. ಅದರಲ್ಲಿದ್ದವರು ಒಂದು ಬಕೆಟ್ ನೀರು ಮೇಲೆತ್ತಿದರು. ನೀರಿನಲ್ಲಿ ಅಲ್ಲೊಂದು ಇಲ್ಲೊಂದು ಚುಕ್ಕೆಗಳು ಸ್ಥಿರವಾಗಿ ಬೆಳಗುತ್ತಿದ್ದವು. ಕೈಯಿಂದ ಕಲಕಿದಾಗ ಅವು ಹೆಚ್ಚು ಬೆಳಗಲಿಲ್ಲ, ಮಂಕಾದವು. ನನ್ನ ಅಜ್ಜನ ಬಲೆಯ ಬೆಳಕಿಗೆ ಸರಿಯಾಗಿ ತದ್ವಿರುದ್ಧ.

ಈ ಒಂದು ನಿಯಮವನ್ನು ನೀರ್ಬಯಲಿಗೆ ಅನ್ವಯಿಸಿ ನೋಡಿ. ಕೆಸರಿನ ಮೇಲೆ ನಿಂತ ತೆಳುನೀರು ಬೆಳಗುತ್ತಿದೆ. ಒಬ್ಬರು ಅದರತ್ತ ನಡೆಯುತ್ತಾರೆ. ಹೆಜ್ಜೆ ಇಟ್ಟಲ್ಲೆಲ್ಲ ನೀರು ಕಲಕುತ್ತದೆ, ಸುತ್ತ ಕತ್ತಲಾಗುತ್ತದೆ. ಕಲಕದ ನೀರು ಮುಂದೆ ಇನ್ನೂ ಬೆಳಗುತ್ತಿರುತ್ತದೆ. ನಡೆಯುವವರಿಗೆ ಏನನ್ನಿಸುತ್ತದೆ? ಬೆಳಕು ತಮ್ಮಿಂದ ಹಿಂದೆ ಸರಿಯುತ್ತಿದೆ ಎಂದು. ಹಿಂತಿರುಗಿ ಬಂದು ದಂಡೆಯ ಮೇಲೆ ಕೂತರೆ ಸ್ವಲ್ಪ ಹೊತ್ತಿನಲ್ಲಿ ಅದು ಮೊದಲಿನ ಜಾಗಕ್ಕೇ ಬಂದು ಕೂತಿರುತ್ತದೆ. ಕೊಯ್ಲಿನ ನಂತರವೇ ಏಕೆ ಕಾಣುತ್ತದೆ ಎಂಬುದಕ್ಕೂ ಉತ್ತರ ಸಿಕ್ಕಿತು, ಗದ್ದೆಗೆ ಕಡಲನೀರು ಬರುವುದೇ ಆಗ. ಇದನ್ನು ಕಥೆಯಲ್ಲಿ ಹೇಳಬೇಡಿ. ನೀವು ಮಾತ್ರ ತಿಳಿದುಕೊಂಡಿರಿ.

ಮೌನಓದು ಬರೆದಿದ್ದು:

ನಾನು ಇಲ್ಲಿ ಬರೆಯುವುದು ಅಪರೂಪ. ಚಿಕ್ಕಂದಿನಲ್ಲಿ ನಮ್ಮಜ್ಜಿ ಕೊಳ್ಳಿದೆವ್ವದ ಬಗ್ಗೆ ಹೇಳುವಾಗ ಅದರ ರೂಪವನ್ನು ಒಮ್ಮೆಯೂ ವರ್ಣಿಸಲಿಲ್ಲ. "ಅದನ್ನು ಕಂಡ ರಾತ್ರಿ ನಿಮ್ಮಜ್ಜ ಗದ್ದೆಯ ದಾರಿ ಬಿಟ್ಟು ಸುತ್ತು ಹಾಕಿಕೊಂಡು ಬಂದರು, ಬಂದವರು ಕಾಲು ತೊಳೆಯದೆ ಒಳಗೆ ಬಂದರು" ಎಂದಷ್ಟೇ ಹೇಳುತ್ತಿದ್ದರು. ಅಜ್ಜ ಕಾಲು ತೊಳೆಯದೆ ಒಳಗೆ ಬಂದರು ಎಂಬುದೇ ನಮಗೆ ಸಾಕಾಗುತ್ತಿತ್ತು.

ಗಜನಿದಂಡೆ ಬರೆದಿದ್ದು:

ಎಲ್ಲರಿಗೂ ಮನಃಪೂರ್ವಕ ಧನ್ಯವಾದ. ಎರಡು ವಾರ ಈ ಮಾತುಗಳನ್ನೆಲ್ಲ ಮತ್ತೆ ಮತ್ತೆ ಓದಿ ಮೂರನೆಯ ಅಧ್ಯಾಯವನ್ನು ಹೊಸದಾಗಿ ಬರೆದಿದ್ದೇನೆ. ಒಂದು ಭಾಗವನ್ನು ಇಲ್ಲಿ ಇಡುತ್ತಿದ್ದೇನೆ.

"ತೂಬಿನ ಹತ್ತಿರ ಬಂದಾಗ ದೊಡ್ಡಮ್ಮ ಸೂಡಿಯನ್ನು ಕೆಸರಿಗೆ ಒತ್ತಿ ಆರಿಸಿದಳು. ಹುಡುಗನಿಗೆ ತನ್ನ ಕೈಯೂ ಕಾಣಲಿಲ್ಲ. ಸುಟ್ಟ ಗರಿಯ ವಾಸನೆ ಬಹಳ ಹೊತ್ತು ಅಲ್ಲೇ ನಿಂತಿತ್ತು. ನೀರು ತೂಬಿನ ಬಾಯಿಂದ ಹೊರಗೆ ಹರಿಯುವ ಸದ್ದು ಕೇಳುತ್ತ, ಬಲೆಯ ಹಗ್ಗ ಹಿಡಿದು ಇಬ್ಬರೂ ಕುಕ್ಕರಗಾಲಿನಲ್ಲಿ ಕೂತರು. ಎಷ್ಟೋ ಹೊತ್ತಿನ ಮೇಲೆ ಅವನು 'ದೊಡ್ಡಮ್ಮ, ಅಲ್ಲಿ' ಎಂದ. ಅತ್ತ ತಿರುಗಿದೊಡನೆ ಅಲ್ಲಿ ಏನೂ ಇರಲಿಲ್ಲ. 'ಹಾಗೆ ನೋಡಬಾರದು ಮಗಾ, ಬಲೆ ನೋಡು' ಎಂದಳು ಅವಳು. ಅವನು ಬಲೆ ನೋಡಿದ. ಕಣ್ಣಿನ ಅಂಚಿನಲ್ಲಿ ಅದು ಮೆಲ್ಲಗೆ ಬಂದು ನಿಂತಿತು, ಯಾರೋ ಬಾಗಿಲು ಅರೆ ತೆರೆದು ಕಾಯುತ್ತಿರುವ ಹಾಗೆ."

ಬಣ್ಣವನ್ನು ತೆಗೆದಿದ್ದೇನೆ, ಮುಖ ಬೆಳಗುವುದನ್ನೂ ತೆಗೆದಿದ್ದೇನೆ. ಒಡೆಯರ ಮನೆಯವರು ಅದನ್ನು ಕಂಡೇ ಇಲ್ಲವೆಂಬುದು ನಾಲ್ಕನೆಯ ಅಧ್ಯಾಯದ ಪಂಚಾಯಿತಿಯ ಜಗಳವಾಗಿ ಬೆಳೆಯುತ್ತಿದೆ. ಅದು ಇಷ್ಟು ದೂರ ಹೋಗುತ್ತದೆಂದು ನಾನು ಎಣಿಸಿರಲಿಲ್ಲ.

ಪಡುಗಡಲು ಬರೆದಿದ್ದು:

ಓದಿ ಬಹಳ ಸಂತೋಷವಾಯಿತು. ಒಂದು ಚಿಕ್ಕ ತಿದ್ದುಪಡಿ ಮಾತ್ರ. ಅಮಾವಾಸ್ಯೆಯ ಆಸುಪಾಸಿನಲ್ಲಿ ಉಬ್ಬರವೂ ದೊಡ್ಡದು, ಇಳಿತವೂ ದೊಡ್ಡದು. ಹೀಗಾಗಿ ನಿಮ್ಮ ಕತ್ತಲ ರಾತ್ರಿಗಳಲ್ಲಿ ಕೆಸರು ಹೆಚ್ಚು ದೂರದವರೆಗೆ ತೆರೆದುಕೊಳ್ಳುತ್ತದೆ, ಬಲೆಗೆ ಮೀನೂ ಹೆಚ್ಚು ಬೀಳುತ್ತದೆ. ಹೆದರಿಕೆಯಾದರೂ ಹೋಗದೆ ಇರಲು ಆಗದ ರಾತ್ರಿಗಳು ಅವೇ. ಇಳಿತದ ಹೊತ್ತು ದಿನಕ್ಕೆ ಸುಮಾರು ಐವತ್ತು ನಿಮಿಷದಂತೆ ಮುಂದೆ ಹೋಗುತ್ತದೆ ಎಂಬುದನ್ನೂ ನೆನಪಿಡಿ. ಮೂರನೆಯ ಅಧ್ಯಾಯದ ಎರಡು ರಾತ್ರಿಗಳಲ್ಲೂ ಅವರು ಒಂದೇ ಹೊತ್ತಿಗೆ ತೂಬಿನ ಬಳಿಗೆ ಬರುತ್ತಾರೆ, ಅದು ಸರಿಯಲ್ಲ.

ಅಳತೆಗೋಲು ಬರೆದಿದ್ದು:

ಒಂಬತ್ತನೆಯ ಅಧ್ಯಾಯದ ಪಂಡಿತರು ಏನಾದರು?

ಗಜನಿದಂಡೆ ಬರೆದಿದ್ದು:

ಅವರನ್ನು ಉಳಿಸಿಕೊಂಡಿದ್ದೇನೆ. ಅವರು ಸೂಡಿ ಹಿಡಿಸಿಕೊಂಡು ಮೂರು ರಾತ್ರಿ ಬಂದು ಏನನ್ನೂ ಕಾಣದೆ ಹಿಂತಿರುಗುತ್ತಾರೆ. ನಾಲ್ಕನೆಯ ರಾತ್ರಿ ದೊಡ್ಡಮ್ಮನ ಮಾತಿಗೆ ಒಪ್ಪಿ ಕತ್ತಲಲ್ಲಿ ಕೂರುತ್ತಾರೆ, ಕಾಣುತ್ತಾರೆ, ಮೊಣಕಾಲುದ್ದ ಕೆಸರಿಗೆ ಇಳಿದು ಒಂದು ತಂಬಿಗೆ ನೀರು ತುಂಬಿಕೊಳ್ಳುತ್ತಾರೆ. ತಂಬಿಗೆಯೊಳಗೆ ಎರಡು ಚುಕ್ಕೆ ಬೆಳಗುತ್ತಿರುತ್ತವೆ. ಅವರು ಬೆರಳು ಅದ್ದುತ್ತಾರೆ, ಎರಡೂ ಆರಿಹೋಗುತ್ತವೆ. ತಾವೇ ಅದನ್ನು ಕೊಂದೆವೆಂದು ಭಾವಿಸಿ ಅವರು ಆ ನೀರನ್ನು ಎರಡೂ ಕೈಯಲ್ಲಿ ಹಿಡಿದು ಬೆಳಗಾಗುವವರೆಗೆ ಅಲುಗದೆ ದಂಡೆಯ ಮೇಲೆ ಕೂತಿರುತ್ತಾರೆ. ಚುಕ್ಕೆಗಳು ಮತ್ತೆ ಬಂದವೋ ಇಲ್ಲವೋ ಎಂಬುದನ್ನು ಹುಡುಗ ನೋಡುವುದಿಲ್ಲ, ಏಕೆಂದರೆ ಆ ಹೊತ್ತಿಗೆ ಇಳಿತ ಮುಗಿದು ಬಲೆ ಎತ್ತಬೇಕಾಗಿರುತ್ತದೆ.

ಇಳಿತದ ಹೊತ್ತುಗಳನ್ನೆಲ್ಲ ತಿದ್ದಿ, ನಾಲ್ಕನೆಯ ಮತ್ತು ಒಂಬತ್ತನೆಯ ಅಧ್ಯಾಯಗಳನ್ನು ಮುಂದಿನ ಅಮಾವಾಸ್ಯೆಯೊಳಗೆ ಹಾಕುತ್ತೇನೆ. ಪಡುಗಡಲು ಅವರು ತೂಬಿನ ಭಾಗವನ್ನು ಇನ್ನೊಮ್ಮೆ ನೋಡಿಕೊಡಬೇಕಾಗಿ ವಿನಂತಿ.